ಜೈಲಿನಲ್ಲಿ ಸಭೆ ಸೇರಿದ ಪುರಸಭೆ

1921ರ ಜುಲೈ 29ರಂದು ಲಂಡನ್ನಿನ ಪೂರ್ವ ತುದಿಯ ಪಾಪ್ಲರ್‌ನಿಂದ ಮೆರವಣಿಗೆಯೊಂದು ಹೊರಟಿತು. ಎಲ್ಲರಿಗಿಂತ ಮುಂದೆ ಪುರಸಭೆಯ ಅಧಿಕಾರದಂಡ ಹಿಡಿದ ದಂಡಧಾರಿ. ಕೊರಳಲ್ಲಿ ಪದವಿಯ ಸರ ಧರಿಸಿದ ಮೇಯರ್ ಸ್ಯಾಮ್ ಮಾರ್ಚ್, ಪುರಸಭೆಯ ಸದಸ್ಯರು, ಅವರ ಬೆನ್ನಿಗೆ ಎರಡು ಸಾವಿರದಷ್ಟು ಜನ. ಬಡ ಪುರಸಭೆಗಳಿಗೆ ನ್ಯಾಯವಾದ ತೆರಿಗೆ ಹಂಚಿಕೆ ಬೇಕು, ಅದಕ್ಕಾಗಿ ಹೈಕೋರ್ಟಿಗೆ ಹೊರಟಿದ್ದೇವೆ, ಅಲ್ಲಿಂದ ಜೈಲಿಗೂ ಹೋಗಬೇಕಾದೀತು ಎಂದು ಅವರ ಬ್ಯಾನರ್ ಸಾರುತ್ತಿತ್ತು. ಐದು ಮೈಲಿ ನಡೆದು ಅವರು ಸ್ಟ್ರಾಂಡ್ ರಸ್ತೆಯ ನ್ಯಾಯಾಲಯ ತಲುಪಿದರು. ಎರಡು ತಿಂಗಳು ತುಂಬುವ ಮೊದಲೇ ಆ ಸದಸ್ಯರಲ್ಲಿ ಮೂವತ್ತು ಮಂದಿ ನ್ಯಾಯಾಂಗ ನಿಂದನೆಯ ಮೇಲೆ ಜೈಲಿನಲ್ಲಿದ್ದರು.

ಅವರು ಲಂಚ ತಿಂದಿರಲಿಲ್ಲ, ಸಾರ್ವಜನಿಕರ ಹಣ ನುಂಗಿರಲಿಲ್ಲ. ಪುರಸಭೆಯ ಸಭೆಯಲ್ಲಿ ಎಲ್ಲರೆದುರು ಚರ್ಚಿಸಿ ಒಂದು ಠರಾವು ಪಾಸು ಮಾಡಿದ್ದರು. ಅದನ್ನು ಹಿಂತೆಗೆದುಕೊಳ್ಳಿ ಎಂದು ನ್ಯಾಯಾಲಯ ಆಜ್ಞಾಪಿಸಿದಾಗ ಆಗುವುದಿಲ್ಲ ಎಂದಿದ್ದರು. ಸ್ಥಳೀಯ ಆಡಳಿತದ ನಿರ್ಧಾರವೊಂದು ನ್ಯಾಯಾಲಯದ ಆದೇಶಕ್ಕೆ ಎದುರಾಗಿ ನಿಂತರೆ ಏನಾಗುತ್ತದೆ ಎಂಬುದನ್ನು ಇಷ್ಟು ಸ್ಪಷ್ಟವಾಗಿ ತೋರಿಸುವ ಪ್ರಸಂಗ ಆಧುನಿಕ ಪುರಾಡಳಿತದ ಚರಿತ್ರೆಯಲ್ಲಿ ಇನ್ನೊಂದು ಸಿಗುವುದು ಕಷ್ಟ.

ಹಡಗುಕಟ್ಟೆಯ ಊರು

ಪಾಪ್ಲರ್ ಎಂದರೆ ಥೇಮ್ಸ್ ನದಿಯ ದಂಡೆಯ ಹಡಗುಕಟ್ಟೆಗಳ ಊರು. ಈಸ್ಟ್ ಇಂಡಿಯಾ ಡಾಕ್ ಇದ್ದುದು ಇಲ್ಲೇ. ಭಾರತದಿಂದ ಹೊರಟ ಕಂಪನಿಯ ಹಡಗುಗಳು ಸರಕು ಇಳಿಸುತ್ತಿದ್ದ ಕಟ್ಟೆ ಅದು. ಜಗತ್ತಿನ ಸಂಪತ್ತು ಈ ಊರಿನ ಮೂಲಕ ಹಾದು ಪಶ್ಚಿಮ ಲಂಡನ್ನಿನ ಬ್ಯಾಂಕುಗಳಿಗೂ ಬಂಗಲೆಗಳಿಗೂ ಸೇರುತ್ತಿತ್ತು. ಆ ಸರಕನ್ನು ಹೊರುತ್ತಿದ್ದವರು ದಿನಗೂಲಿಗಳು. ಬೆಳಗಾದರೆ ಡಾಕ್‌ನ ಗೇಟಿನ ಮುಂದೆ ನೂಕುನುಗ್ಗಲು. ಮೇಸ್ತ್ರಿ ಕರೆದವನಿಗೆ ಅಂದಿನ ಕೂಲಿ, ಉಳಿದವರು ಬರಿಗೈಯಲ್ಲಿ ಮನೆಗೆ. ಊರಿನ ಜನಸಂಖ್ಯೆ ಸುಮಾರು 1,60,000. ಒತ್ತೊತ್ತಾಗಿ ಕಟ್ಟಿದ ಸಣ್ಣ ಮನೆಗಳಲ್ಲಿ ಅಷ್ಟೂ ಜನ ಬದುಕಬೇಕಿತ್ತು.

ಮೊದಲ ಮಹಾಯುದ್ಧ ಮುಗಿದು ಸೈನಿಕರು ಮನೆಗೆ ಮರಳಿದ ಮೇಲೆ, 1919ರ ನವೆಂಬರಿನಲ್ಲಿ ಪುರಸಭೆ ಚುನಾವಣೆ ನಡೆಯಿತು. 42 ಸ್ಥಾನಗಳಲ್ಲಿ 39 ಲೇಬರ್ ಪಕ್ಷಕ್ಕೆ ಬಂದವು. ಗೆದ್ದವರಲ್ಲಿ ಡಾಕ್ ಕಾರ್ಮಿಕರಿದ್ದರು, ರೈಲ್ವೆ ನೌಕರರಿದ್ದರು, ಕೂಲಿಗಳಿದ್ದರು. ಮತದಾರರ ಪಕ್ಕದ ಬೀದಿಯಲ್ಲೇ ಇದ್ದವರು ಅವರು. ಮೇಯರ್ ಆಗಿ ಆಯ್ಕೆಯಾದ ಜಾರ್ಜ್ ಲ್ಯಾನ್ಸ್‌ಬರಿ ಆ ಹೊತ್ತಿಗಾಗಲೇ ಹೆಸರಾಂತ ಹೋರಾಟಗಾರ. ಹೆಂಗಸರಿಗೆ ಮತದಾನದ ಹಕ್ಕು ಬೇಕೆಂಬ ಹಟದಲ್ಲಿ 1912ರಲ್ಲಿ ಪಾರ್ಲಿಮೆಂಟಿನ ಸದಸ್ಯತ್ವವನ್ನೇ ಬಿಟ್ಟು ಮರುಚುನಾವಣೆಗೆ ನಿಂತು ಸೋತವರು, ಮರುವರ್ಷ ಅದೇ ಹೋರಾಟದಲ್ಲಿ ಜೈಲು ಕಂಡವರು, 'ಡೈಲಿ ಹೆರಾಲ್ಡ್' ಪತ್ರಿಕೆಯ ಸಂಪಾದಕರು.

ಹೊಸ ಪುರಸಭೆ ಕೂತು ಕಾಲ ಕಳೆಯಲಿಲ್ಲ. ಮನೆ ಕಟ್ಟಿಸಿತು, ಸ್ನಾನಗೃಹ, ಬಟ್ಟೆ ಒಗೆಯುವ ಕಟ್ಟಡ, ಗ್ರಂಥಾಲಯಗಳಿಗೆ ಹಣ ಕೊಟ್ಟಿತು, ತಾಯಿ ಮತ್ತು ಹಸುಗೂಸುಗಳ ಆರೈಕೆಗೆ ವ್ಯವಸ್ಥೆ ಮಾಡಿತು. 1920ರಲ್ಲಿ ತನ್ನ ನೌಕರರಿಗೆ ವಾರಕ್ಕೆ ಕನಿಷ್ಠ ನಾಲ್ಕು ಪೌಂಡು ಸಂಬಳ ನಿಗದಿ ಮಾಡಿತು. ಗಂಡಿಗೆ ಎಷ್ಟೋ ಹೆಣ್ಣಿಗೂ ಅಷ್ಟೇ. ಸಮಾನ ವೇತನ ಎಂಬ ಮಾತನ್ನು ಸರ್ಕಾರಗಳು ಕಿವಿಗೇ ಹಾಕಿಕೊಳ್ಳದಿದ್ದ ಕಾಲದಲ್ಲಿ ಬಡ ಪುರಸಭೆಯೊಂದು ಅದನ್ನು ಜಾರಿಗೆ ತಂದಿತ್ತು.

ಒಂದು ಪೆನ್ನಿಯ ಲೆಕ್ಕ

ಆಗಿನ ಕಾಯಿದೆಯ ಪ್ರಕಾರ ಊರಿನ ನಿರ್ಗತಿಕರ ಹೊಣೆ ಊರಿನದೇ. ಕೆಲಸ ಕಳೆದುಕೊಂಡವನ ಮನೆಗೆ ರೊಟ್ಟಿ ಮತ್ತು ಅಷ್ಟಿಷ್ಟು ಹಣ ಕೊಡಬೇಕಾದರೆ ಆ ಖರ್ಚು ಅದೇ ಊರಿನ ಆಸ್ತಿ ತೆರಿಗೆಯಿಂದ ಬರಬೇಕಿತ್ತು. ವರ್ಕ್‌ಹೌಸ್ ಎಂಬ ನಿರ್ಗತಿಕರ ನಿಲಯಗಳ ಒಳಗೆ ಇಟ್ಟು ಸಾಕಿದವರ ಖರ್ಚನ್ನು 1867ರಿಂದ ಲಂಡನ್ನಿಗೆಲ್ಲ ಸೇರಿದ ಸಾಮಾನ್ಯ ನಿಧಿಯೊಂದು ಹಂಚಿಕೊಳ್ಳುತ್ತಿತ್ತು. ಮನೆಯಲ್ಲೇ ಇದ್ದು ನೆರವು ಪಡೆಯುವವರಿಗೆ ಅದು ಅನ್ವಯಿಸುತ್ತಿರಲಿಲ್ಲ. ಅಂದರೆ ಬಡವನನ್ನು ಹೆಂಡತಿ ಮಕ್ಕಳಿಂದ ಅಗಲಿಸಿ ವರ್ಕ್‌ಹೌಸಿಗೆ ತಳ್ಳಿದರೆ ಎಲ್ಲರೂ ಹಣ ಕೊಡುತ್ತಿದ್ದರು. ಅವನ ಸಂಸಾರವನ್ನು ಅವನ ಮನೆಯಲ್ಲೇ ಉಳಿಸಿದರೆ ಪಾಪ್ಲರ್ ಒಂದೇ ತೆರಬೇಕಿತ್ತು.

ತೆರಿಗೆ ಬೀಳುತ್ತಿದ್ದುದು ಕಟ್ಟಡದ ಬಾಡಿಗೆ ಮೌಲ್ಯದ ಮೇಲೆ, ಪೌಂಡಿಗೆ ಇಷ್ಟು ಪೆನ್ನಿ ಎಂದು. ಪೌಂಡಿಗೆ ಒಂದು ಪೆನ್ನಿ ತೆರಿಗೆ ಹಾಕಿದರೆ ಶ್ರೀಮಂತ ವೆಸ್ಟ್‌ಮಿನ್‌ಸ್ಟರ್‌ನಲ್ಲಿ ಸುಮಾರು ಮೂವತ್ತು ಸಾವಿರ ಪೌಂಡು ಹುಟ್ಟುತ್ತಿತ್ತು. ಅದೇ ಒಂದು ಪೆನ್ನಿಗೆ ಪಾಪ್ಲರ್‌ನಲ್ಲಿ ಸಿಗುತ್ತಿದ್ದುದು ಸುಮಾರು ಮೂರೂವರೆ ಸಾವಿರ. ನೆರವು ಬೇಡುವವರು ವೆಸ್ಟ್‌ಮಿನ್‌ಸ್ಟರ್‌ನಲ್ಲಿ ಬೆರಳೆಣಿಕೆಯಷ್ಟು, ಪಾಪ್ಲರ್‌ನಲ್ಲಿ ಬೀದಿ ಬೀದಿಗೆ. 1920ರ ಚಳಿಗಾಲದಿಂದ ಯುದ್ಧಾನಂತರದ ಆರ್ಥಿಕ ಕುಸಿತ ಶುರುವಾಯಿತು. ಹಡಗುಗಳು ಕಡಿಮೆಯಾದವು, ಡಾಕ್ ಗೇಟಿನಲ್ಲಿ ಮೇಸ್ತ್ರಿ ಕರೆಯುವ ಹೆಸರುಗಳೂ ಕಡಿಮೆಯಾದವು. ಬಡವರನ್ನು ಸಾಕಲು ಬಡವರ ಮೇಲೇ ಇನ್ನಷ್ಟು ತೆರಿಗೆ ಹೇರಬೇಕಾದ ಸ್ಥಿತಿ ಬಂತು.

ಇದರ ಜೊತೆಗೆ ಪ್ರತಿ ಪುರಸಭೆಯೂ ಲಂಡನ್ನಿನ ನಾಲ್ಕು ದೊಡ್ಡ ಸಂಸ್ಥೆಗಳ ಪಾಲನ್ನು ಜನರಿಂದ ವಸೂಲು ಮಾಡಿಕೊಡಬೇಕಿತ್ತು: ಲಂಡನ್ ಕೌಂಟಿ ಕೌನ್ಸಿಲ್, ಪೊಲೀಸ್, ಆಸ್ಪತ್ರೆಗಳನ್ನು ನಡೆಸುತ್ತಿದ್ದ ಅಸೈಲಮ್ಸ್ ಬೋರ್ಡ್ ಮತ್ತು ನೀರಿನ ಮಂಡಳಿ. 1921ರ ಮಾರ್ಚಿನಲ್ಲಿ ಪಾಪ್ಲರ್ ಪುರಸಭೆ ಕೂತು ತೀರ್ಮಾನಿಸಿತು: ನಮ್ಮ ಊರಿಗೆ ಬೇಕಾದ ತೆರಿಗೆಯನ್ನಷ್ಟೇ ಹಾಕುತ್ತೇವೆ, ಈ ನಾಲ್ಕು ಸಂಸ್ಥೆಗಳ ಪಾಲಿನ ತೆರಿಗೆ ಹಾಕುವುದಿಲ್ಲ.

ಎದುರು ಪಕ್ಷದ ವಾದವನ್ನೂ ಇಲ್ಲಿ ಕೇಳಬೇಕು. ಕೌಂಟಿ ಕೌನ್ಸಿಲ್ ಪಾಪ್ಲರ್‌ಗೆಂದು ಪ್ರತ್ಯೇಕ ದರ ಹಾಕಿರಲಿಲ್ಲ; ಪೌಂಡಿಗೆ ಎಲ್ಲ ಊರುಗಳಿಗೂ ಒಂದೇ ದರ. ಆ ಹಣದಿಂದ ಶಾಲೆಗಳೂ ಆಸ್ಪತ್ರೆಗಳೂ ನಡೆಯುತ್ತಿದ್ದವು. ಒಬ್ಬೊಬ್ಬರಾಗಿ ಎಲ್ಲ ಪುರಸಭೆಗಳೂ ಕೈ ಎತ್ತಿದರೆ ಲಂಡನ್ನಿನ ಆಡಳಿತವೇ ನಿಲ್ಲುತ್ತದೆ ಎಂಬ ಮಾತಿನಲ್ಲಿ ಸತ್ಯವಿತ್ತು. ಅನ್ಯಾಯ ಅಡಗಿದ್ದುದು ಬಡವರ ನೆರವಿನ ಹೊರೆಯನ್ನು ಹಂಚಿದ ಕ್ರಮದಲ್ಲಿ. ಅದನ್ನು ಬದಲಿಸುವ ಅಧಿಕಾರ ಪುರಸಭೆಗೆ ಇರಲಿಲ್ಲ. ವರ್ಷಗಟ್ಟಲೆ ಕೊಟ್ಟ ಮನವಿಗಳು ಸರ್ಕಾರದ ಕಪಾಟಿನಲ್ಲಿ ಮಲಗಿದ್ದವು. ಕೈಯಲ್ಲಿದ್ದ ಒಂದೇ ಹಿಡಿಕೆಯನ್ನು ಪಾಪ್ಲರ್ ಹಿಡಿದು ಎಳೆಯಿತು. ಕಾನೂನು ತಮ್ಮ ಕಡೆಗಿಲ್ಲ ಎಂಬುದು ಆ ಸದಸ್ಯರಿಗೆ ಮೊದಲ ದಿನದಿಂದ ಗೊತ್ತಿತ್ತು.

ಆದೇಶ ಮತ್ತು ನಿಂದನೆ

ಕೌಂಟಿ ಕೌನ್ಸಿಲ್ ಮತ್ತು ಅಸೈಲಮ್ಸ್ ಬೋರ್ಡ್ ಹೈಕೋರ್ಟಿನ ಮೆಟ್ಟಿಲೇರಿದವು. ಸಾರ್ವಜನಿಕ ಸಂಸ್ಥೆ ತನ್ನ ಶಾಸನಬದ್ಧ ಕರ್ತವ್ಯ ಮಾಡದಿದ್ದರೆ ಮಾಡು ಎಂದು ಆಜ್ಞಾಪಿಸುವ ರಿಟ್‌ಗೆ ಮ್ಯಾಂಡಮಸ್ ಎನ್ನುತ್ತಾರೆ. ನಮ್ಮ ಹೈಕೋರ್ಟುಗಳಲ್ಲೂ ನಗರಸಭೆ, ಪಂಚಾಯಿತಿಗಳ ವಿರುದ್ಧ ದಿನನಿತ್ಯ ಬೇಡುವ ರಿಟ್ ಇದೇ. ಪಾಪ್ಲರ್ ಪುರಸಭೆ ತೆರಿಗೆ ಹಾಕಲೇಬೇಕು ಎಂದು ಆದೇಶವಾಯಿತು. ಪುರಸಭೆ ಹಾಕಲಿಲ್ಲ. ಅಲ್ಲಿಗೆ ವಿಷಯ ತೆರಿಗೆಯಿಂದ ನ್ಯಾಯಾಂಗ ನಿಂದನೆಗೆ ತಿರುಗಿತು.

ಜುಲೈ 29ರ ವಿಚಾರಣೆಯಲ್ಲಿ ಸದಸ್ಯರು ಹೊಟ್ಟೆಗಿಲ್ಲದ ಮನೆಗಳ ಕತೆ ಹೇಳಿದರು, ಮತದಾರರಿಗೆ ಕೊಟ್ಟ ಮಾತನ್ನು ನೆನಪಿಸಿದರು. ನ್ಯಾಯಾಲಯದ ಮುಂದಿದ್ದ ಪ್ರಶ್ನೆ ಬೇರೆಯೇ: ಆದೇಶ ಇತ್ತೇ? ಗೊತ್ತಿದ್ದೂ ಮೀರಿದಿರೇ? ಎರಡಕ್ಕೂ ಉತ್ತರ ಹೌದು. ನಿಂದನೆ ಕಾನೂನಿನ ಸ್ವಭಾವವೇ ಇದು. ಆದೇಶದ ಹಿಂದಿರುವ ಶಾಸನ ನ್ಯಾಯವೋ ಅನ್ಯಾಯವೋ ಎಂದು ಅದು ಕೇಳುವುದಿಲ್ಲ. ಆದೇಶವಿದ್ದುದು ಪುರಸಭೆ ಎಂಬ ಸಂಸ್ಥೆಯ ಮೇಲೆ, ಜೈಲಿಗೆ ಹೋಗಬೇಕಾದವರು ವ್ಯಕ್ತಿಗಳು. ಇದು ಹೇಗೆ ಸರಿ ಎಂಬ ಪ್ರಶ್ನೆ ಮೇಲ್ಮನವಿಯವರೆಗೂ ಹೋಯಿತು. ಸಂಸ್ಥೆಯ ಹೆಸರಿನ ಹಿಂದೆ ಸದಸ್ಯರು ನಿಲ್ಲುವಂತಿಲ್ಲ ಎಂದು ಅಲ್ಲೂ ತೀರ್ಪಾಯಿತು.

ಸಜೆಗೆ ಇಷ್ಟು ದಿನ ಎಂಬ ಗಡುವು ಇರಲಿಲ್ಲ. ಆದೇಶ ಪಾಲಿಸಿ ತಪ್ಪೊಪ್ಪಿಕೊಳ್ಳುವವರೆಗೆ ಸೆರೆ. ಭಾರತದಲ್ಲಿ ಇಂದು ಜಾರಿಯಲ್ಲಿರುವ 1971ರ ನ್ಯಾಯಾಂಗ ನಿಂದನೆ ಕಾಯಿದೆ ಸಾದಾ ಸಜೆಯ ಗರಿಷ್ಠ ಅವಧಿಯನ್ನು ಆರು ತಿಂಗಳಿಗೆ ಮಿತಿಗೊಳಿಸಿದೆ. ಪಾಪ್ಲರ್‌ನವರಿಗೆ ಅಂಥ ಯಾವ ಆಸರೆಯೂ ಇರಲಿಲ್ಲ. ಹೋದವರು ಯಾವಾಗ ಬರುತ್ತಾರೆ ಎಂದು ಮನೆಯವರಿಗೆ ಹೇಳಲು ಯಾರಿಗೂ ಸಾಧ್ಯವಿರಲಿಲ್ಲ.

ಸೆಪ್ಟೆಂಬರ್ 1ರಿಂದ ಬಂಧನ ಶುರುವಾಯಿತು. ಗಂಡಸರನ್ನು ಬ್ರಿಕ್ಸ್‌ಟನ್ ಜೈಲಿಗೆ, ಹೆಂಗಸರನ್ನು ಹಾಲೋವೇ ಜೈಲಿಗೆ ಕರೆದೊಯ್ದರು. ಜಾರ್ಜ್ ಲ್ಯಾನ್ಸ್‌ಬರಿಯವರ ಜೊತೆ ಮಗ ಎಡ್ಗರ್ ಕೂಡ ಒಳಗಾದರು. ಎಡ್ಗರ್ ಅವರ ಹೆಂಡತಿ ಮಿನ್ನಿ, ವಲಸೆ ಬಂದ ಯಹೂದಿ ಕುಟುಂಬದ ಮಗಳು, ಶಾಲಾ ಶಿಕ್ಷಕಿಯಾಗಿದ್ದವರು, ಹಾಲೋವೇಗೆ ಹೋದರು. ಸಿರಿವಂತ ಮನೆಯಲ್ಲಿ ಹುಟ್ಟಿ ಕಾರ್ಮಿಕರ ನಡುವೆ ಬದುಕಲು ಬಂದಿದ್ದ ಸೂಸನ್ ಲಾರೆನ್ಸ್, ನಿರುದ್ಯೋಗಿಗಳ ಪರವಾಗಿ ಬಹುಕಾಲ ದುಡಿದಿದ್ದ ಜೂಲಿಯಾ ಸ್ಕರ್, ತುಂಬು ಗರ್ಭಿಣಿ ನೆಲ್ಲಿ ಕ್ರೆಸಲ್ ಕೂಡ ಅದೇ ಜೈಲಿನಲ್ಲಿದ್ದರು.

ಬ್ರಿಕ್ಸ್‌ಟನ್‌ನ ಸಭೆಗಳು

ಸಂಜೆಯಾದರೆ ಬ್ರಿಕ್ಸ್‌ಟನ್ ಜೈಲಿನ ಗೋಡೆಯ ಹೊರಗೆ ಜನ ಸೇರುತ್ತಿದ್ದರು. ಲ್ಯಾನ್ಸ್‌ಬರಿ ತಮ್ಮ ಕೋಣೆಯ ಕಿಟಕಿಯ ಸರಳುಗಳ ನಡುವಿನಿಂದಲೇ ಅವರನ್ನು ಉದ್ದೇಶಿಸಿ ಭಾಷಣ ಮಾಡುತ್ತಿದ್ದರು. ಒಳಗಿದ್ದವರು ಒಂದೊಂದಾಗಿ ಬೇಡಿಕೆ ಇಟ್ಟರು: ಪತ್ರಿಕೆ ಬೇಕು, ಹಗಲು ಹೊತ್ತು ಕೋಣೆಗಳ ಬಾಗಿಲು ತೆರೆದಿರಬೇಕು, ಊಟ ಸುಧಾರಿಸಬೇಕು. ಸೌಲಭ್ಯಗಳು ಕೊಂಚಕೊಂಚವಾಗಿ ದೊರೆತವು.

ದೊಡ್ಡ ಬೇಡಿಕೆ ಇನ್ನೊಂದಿತ್ತು. ಪುರಸಭೆಯ ಬಹುಪಾಲು ಸದಸ್ಯರು ಜೈಲಿನಲ್ಲಿದ್ದಾರೆ. ಹಾಗೆಂದು ಊರಿನ ಕೆಲಸ ನಿಲ್ಲುವಂತಿಲ್ಲ. ನಮಗೆ ಸಭೆ ಸೇರಲು ಬಿಡಿ ಎಂದರು. ಸರ್ಕಾರ ಅದಕ್ಕೂ ಒಪ್ಪಬೇಕಾಯಿತು. ಪಾಪ್ಲರ್‌ನ ಟೌನ್ ಕ್ಲರ್ಕ್ ಕಾಗದಪತ್ರ ಹೊತ್ತು ಜೈಲಿಗೆ ಬಂದರು. ಹಾಲೋವೇ ಇರುವುದು ಲಂಡನ್ನಿನ ಉತ್ತರಕ್ಕೆ, ಬ್ರಿಕ್ಸ್‌ಟನ್ ದಕ್ಷಿಣಕ್ಕೆ. ಸಭೆಯಿದ್ದಾಗ ಮಹಿಳಾ ಸದಸ್ಯರನ್ನು ಕಾರಿನಲ್ಲಿ ಕೂರಿಸಿ ನಗರ ದಾಟಿಸಿ ಬ್ರಿಕ್ಸ್‌ಟನ್‌ಗೆ ಕರೆತರುತ್ತಿದ್ದರು. ಹಿಂದಿನ ಸಭೆಯ ನಡವಳಿ ಓದಿ, ಠರಾವು ಮಂಡಿಸಿ, ಅನುಮೋದಿಸಿ, ಮತಕ್ಕೆ ಹಾಕಿ ಎಲ್ಲವನ್ನೂ ಕ್ರಮಬದ್ಧವಾಗಿ ನಡೆಸಿದರು. ನ್ಯಾಯಾಲಯದ ಆದೇಶ ಮೀರಿದವರು ಸಭಾ ನಿಯಮವನ್ನು ಚಾಚೂ ತಪ್ಪದೆ ಪಾಲಿಸಿದ್ದು ನನಗೆ ಬಹಳ ಮುಖ್ಯವಾಗಿ ಕಾಣುತ್ತದೆ. ಆಡಳಿತವನ್ನು ಕೆಡವುವುದು ಅವರ ಗುರಿಯಾಗಿರಲಿಲ್ಲ. ಒಂದು ತಪ್ಪನ್ನು ತಿದ್ದಿಸಬೇಕಿತ್ತು, ಉಳಿದ ಎಲ್ಲ ಕರ್ತವ್ಯಗಳನ್ನು ಅವರು ಕೈಬಿಡಲಿಲ್ಲ.

ಹೊರಗೆ ಒತ್ತಡ ಏರುತ್ತಿತ್ತು. ಬಾಡಿಗೆದಾರರು ಬಾಡಿಗೆ ತಡೆಹಿಡಿಯುವ ಮಾತಾಡಿದರು. ನೆರೆಯ ಬೆಥ್ನಲ್ ಗ್ರೀನ್ ಮತ್ತು ಸ್ಟೆಪ್ನಿ ಪುರಸಭೆಗಳು ತಾವೂ ಪಾಪ್ಲರ್‌ನ ದಾರಿ ಹಿಡಿಯುವುದಾಗಿ ತೀರ್ಮಾನಿಸಿದವು. ತುಂಬು ಬಸುರಿಯನ್ನು ತೆರಿಗೆಯ ತಕರಾರಿಗಾಗಿ ಸೆರೆಯಲ್ಲಿಟ್ಟಿರುವ ಸುದ್ದಿ ಸರ್ಕಾರದ ಮುಖಕ್ಕೆ ಮಸಿ ಬಳಿಯಿತು. ನೆಲ್ಲಿ ಕ್ರೆಸಲ್ ಅವರನ್ನು ಇತರರಿಗಿಂತ ಮೊದಲೇ ಬಿಡುಗಡೆ ಮಾಡಿದರು.

ಲೇಬರ್ ಪಕ್ಷದೊಳಗೇ ಎಲ್ಲರೂ ಇದನ್ನು ಮೆಚ್ಚಿರಲಿಲ್ಲ. ಹ್ಯಾಕ್ನಿಯ ಮೇಯರ್ ಹರ್ಬರ್ಟ್ ಮಾರಿಸನ್ ನಿಯಮಬದ್ಧ ರಾಜಕಾರಣದ ಮನುಷ್ಯ. ಇಂದು ನಾವು ಕಾನೂನು ಮೀರಿದರೆ ನಾಳೆ ನಮ್ಮ ಸರ್ಕಾರ ಬಂದಾಗ ಎದುರಾಳಿಗಳೂ ಮೀರುತ್ತಾರೆ ಎಂಬುದು ಆ ಪಂಥದವರ ಆತಂಕ. ಆ ಆತಂಕ ಹುರುಳಿಲ್ಲದ್ದೇನಲ್ಲ. ಆದರೆ ಪಾಪ್ಲರ್‌ನವರು ಜೈಲಿನಲ್ಲಿದ್ದುದರಿಂದಲೇ ಮಾರಿಸನ್‌ಗೂ ಬಾಗಿಲು ತೆರೆಯಿತು. ಲೇಬರ್ ಮೇಯರ್‌ಗಳ ನಿಯೋಗ ಕಟ್ಟಿಕೊಂಡು ಅವರು ಪ್ರಧಾನಿ ಲಾಯ್ಡ್ ಜಾರ್ಜ್ ವಿಶ್ರಾಂತಿಗೆಂದು ತಂಗಿದ್ದ ಸ್ಕಾಟ್ಲೆಂಡಿನ ಗೇರ್‌ಲಾಕ್‌ವರೆಗೆ ಹೋಗಿ ಮಾತುಕತೆ ನಡೆಸಿದರು.

ಕಾಯಿದೆ ಬದಲಾಯಿತು

ಸರ್ಕಾರ ಇಕ್ಕಟ್ಟಿಗೆ ಸಿಲುಕಿತು. ಸದಸ್ಯರು ಕ್ಷಮೆ ಕೇಳುವುದಿಲ್ಲ, ಕೇಳದೆ ನ್ಯಾಯಾಲಯ ಬಿಡುವಂತಿಲ್ಲ. ಕೊನೆಗೆ ಒಂದು ದಾರಿ ಸಿಕ್ಕಿತು. ತೆರಿಗೆಯ ಪ್ರಶ್ನೆ ಇತ್ಯರ್ಥಪಡಿಸಲು ಸಮಾಲೋಚನೆ ನಡೆಯಲಿದೆ, ನಾವು ಸೆರೆಯಲ್ಲಿದ್ದರೆ ಅದರಲ್ಲಿ ಭಾಗವಹಿಸಲಾಗದು ಎಂದು ಸದಸ್ಯರು ಪ್ರಮಾಣಪತ್ರ ಸಲ್ಲಿಸಿದರು. ನ್ಯಾಯಾಲಯ ಅದನ್ನು ಒಪ್ಪಿಕೊಂಡಿತು. ಆರು ವಾರಗಳ ಸೆರೆವಾಸದ ನಂತರ, ಅಕ್ಟೋಬರ್ 12ರಂದು ಉಳಿದವರೆಲ್ಲರೂ ಬಿಡುಗಡೆಯಾದರು. ಆ ಹೊತ್ತಿಗೂ ಅವರು ತೆರಿಗೆ ಹಾಕಿರಲಿಲ್ಲ.

ನವೆಂಬರಿನಲ್ಲಿ ಪಾರ್ಲಿಮೆಂಟು ಅವಸರದಿಂದ ಸ್ಥಳೀಯ ಸಂಸ್ಥೆಗಳ ಹಣಕಾಸು ಕಾಯಿದೆಯನ್ನು ಪಾಸು ಮಾಡಿತು. ಮನೆಯಲ್ಲಿದ್ದು ನೆರವು ಪಡೆಯುವವರ ಖರ್ಚೂ ಇನ್ನು ಮುಂದೆ ಲಂಡನ್ನಿನ ಸಾಮಾನ್ಯ ನಿಧಿಯಿಂದ ಬರಬೇಕೆಂದಾಯಿತು. ಒಬ್ಬೊಬ್ಬರಿಗೆ ಎಷ್ಟು ಕೊಡಬಹುದು ಎಂಬ ಮಿತಿಯನ್ನು ಆರೋಗ್ಯ ಸಚಿವ ಆಲ್ಫ್ರೆಡ್ ಮಾಂಡ್ ನಿಗದಿಪಡಿಸಿದರು. ಆ ಮಿತಿ ತೀರಾ ಕಡಿಮೆಯೆಂದು ಮುಂದೆ ಮತ್ತೆ ಜಗಳವಾಯಿತು. ಆದರೂ ಮೂಲ ವಿಷಯದಲ್ಲಿ ಪಾಪ್ಲರ್ ಗೆದ್ದಿತ್ತು. ಒಂದೇ ನಗರದ ಸಿರಿವಂತ ಬೀದಿ ಬಡ ಬೀದಿಯ ಹೊಣೆಯನ್ನೂ ಹೊರಬೇಕು ಎಂಬ ತತ್ವ ಶಾಸನಕ್ಕೆ ಸೇರಿತು.

ಗೆಲುವಿಗೆ ಬೆಲೆ ತೆತ್ತವರಿದ್ದರು. ಬಿಡುಗಡೆಯಾಗಿ ಮೂರು ತಿಂಗಳೂ ಕಳೆದಿರಲಿಲ್ಲ, 1922ರ ಜನವರಿ 1ರಂದು ಮಿನ್ನಿ ಲ್ಯಾನ್ಸ್‌ಬರಿ ನ್ಯುಮೋನಿಯಾದಿಂದ ತೀರಿಕೊಂಡರು. ವಯಸ್ಸು 32. ಬೋ ರಸ್ತೆಯಲ್ಲಿ ಅವರ ನೆನಪಿಗೆ ಹಾಕಿದ ಗಡಿಯಾರ ಈಗಲೂ ಇದೆ.

ನಾಲ್ಕು ಪೌಂಡಿನ ಸಂಬಳಕ್ಕೆ ಇನ್ನೊಂದು ಗತಿ ಕಾದಿತ್ತು. ಬೆಲೆಗಳು ಇಳಿದರೂ ಸಂಬಳ ಇಳಿಸಲಿಲ್ಲವೆಂದು ಸರ್ಕಾರಿ ಲೆಕ್ಕ ತಪಾಸಣಾಧಿಕಾರಿ ಸದಸ್ಯರ ಮೇಲೆ 5,000 ಪೌಂಡು ವಸೂಲಾತಿ ಹೇರಿದರು. ಪ್ರಕರಣ ಹೌಸ್ ಆಫ್ ಲಾರ್ಡ್ಸ್‌ವರೆಗೆ ಹೋಯಿತು. 1925ರ ತೀರ್ಪು ಪುರಸಭೆಯ ವಿರುದ್ಧವಾಯಿತು. ಗಂಡು ಹೆಣ್ಣಿಗೆ ಸಮಾನ ಸಂಬಳ ಕೊಡುವುದನ್ನು ಸ್ತ್ರೀವಾದಿ ಹಂಬಲವೆಂದು ಲಾರ್ಡ್ ಅಟ್ಕಿನ್ಸನ್ ಟೀಕಿಸಿದರು. ಚುನಾಯಿತ ಸಂಸ್ಥೆಯ ವಿವೇಚನಾಧಿಕಾರಕ್ಕೆ ನ್ಯಾಯಾಲಯ ಎಷ್ಟರಮಟ್ಟಿಗೆ ಕೈಹಾಕಬಹುದು ಎಂಬ ಚರ್ಚೆಯಲ್ಲಿ ಕಾನೂನು ವಿದ್ಯಾರ್ಥಿಗಳು ಈ ತೀರ್ಪನ್ನು ಇಂದಿಗೂ ಓದುತ್ತಾರೆ.

ಜೈಲಿಗೆ ಹೋದವರನ್ನು ಮತದಾರರು ಮರೆಯಲಿಲ್ಲ. ಸೂಸನ್ ಲಾರೆನ್ಸ್ 1923ರಲ್ಲಿ ಲೇಬರ್ ಪಕ್ಷದ ಮೊದಲ ಮೂವರು ಮಹಿಳಾ ಸಂಸದರಲ್ಲಿ ಒಬ್ಬರಾದರು. ಲ್ಯಾನ್ಸ್‌ಬರಿ 1932ರಿಂದ 1935ರವರೆಗೆ ಆ ಪಕ್ಷದ ನಾಯಕರಾಗಿದ್ದರು. ಗರ್ಭಿಣಿಯಾಗಿ ಸೆರೆ ಸೇರಿದ್ದ ನೆಲ್ಲಿ ಕ್ರೆಸಲ್ 1943ರಲ್ಲಿ ಅದೇ ಪಾಪ್ಲರ್‌ನ ಮೇಯರ್ ಆದರು. 1931ರಲ್ಲಿ ದುಂಡುಮೇಜಿನ ಪರಿಷತ್ತಿಗೆ ಹೋದ ಗಾಂಧೀಜಿ ತಂಗಲು ಆರಿಸಿಕೊಂಡದ್ದು ಇದೇ ಪುರಸಭೆಯ ವ್ಯಾಪ್ತಿಯ ಕಿಂಗ್ಸ್‌ಲೀ ಹಾಲ್ ಅನ್ನು. ಕಾನೂನನ್ನು ಬಹಿರಂಗವಾಗಿ ಮೀರಿ ಅದರ ಶಿಕ್ಷೆಯನ್ನು ತಲೆಬಾಗಿ ಹೊರುವುದನ್ನು ಭಾರತಕ್ಕೆ ಕಲಿಸಿದ ವ್ಯಕ್ತಿಗೆ ಆ ನೆರೆಹೊರೆ ಪರಕೀಯವೆನಿಸಿರಲಾರದು.

ನಮ್ಮ ಮುಂದಿನ ಪ್ರಶ್ನೆ

ನಮ್ಮಲ್ಲೂ ಆಡಳಿತದ ವಿರುದ್ಧ ನಿಂದನೆ ಅರ್ಜಿಗಳು ಬರುತ್ತಲೇ ಇವೆ. ಎಂಜಿನಿಯರೊಬ್ಬರ ಬಡ್ತಿಗೆ ಸಂಬಂಧಿಸಿದ ಆದೇಶ ಪಾಲಿಸಲಿಲ್ಲವೆಂದು 1995ರಲ್ಲಿ ಸುಪ್ರೀಂ ಕೋರ್ಟು ಕರ್ನಾಟಕದ ಹಿರಿಯ ಐಎಎಸ್ ಅಧಿಕಾರಿಯೊಬ್ಬರಿಗೆ ಒಂದು ತಿಂಗಳ ಸಜೆ ವಿಧಿಸಿತ್ತು. ರಸ್ತೆ ಗುಂಡಿ, ಕಸ, ಅನಧಿಕೃತ ಕಟ್ಟಡಗಳ ವಿಷಯದಲ್ಲಿ ಬೆಂಗಳೂರಿನ ಪಾಲಿಕೆ ಹೈಕೋರ್ಟಿನಿಂದ ಛೀಮಾರಿ ಹಾಕಿಸಿಕೊಂಡ ಸುದ್ದಿಯನ್ನು ನಾವು ಎಷ್ಟೋ ಸಲ ಓದಿದ್ದೇವೆ.

ಈ ಬಗೆಯ ಉಲ್ಲಂಘನೆಗೂ ಪಾಪ್ಲರ್‌ನದಕ್ಕೂ ಅಜಗಜಾಂತರ. ಕಡತ ಮೇಜಿನಿಂದ ಮೇಜಿಗೆ ಅಲೆಯುತ್ತಾ ಗಡುವು ಮೀರುವುದು, ನೋಟಿಸ್ ಬಂದ ಮೇಲೆ ಬೇಷರತ್ ಕ್ಷಮೆಯ ಪ್ರಮಾಣಪತ್ರ ಹಾಕಿ ಮತ್ತೆ ಹಳೆಯ ಚಾಳಿಗೆ ಮರಳುವುದು ಬರೀ ಉದಾಸೀನ. ಅದರಿಂದ ಬಡವನಿಗೆ ನ್ಯಾಯ ತಪ್ಪುತ್ತದೆ, ಅಲ್ಲಿ ನಿಂದನೆ ಕಾನೂನಿನ ಬಿಸಿ ತಟ್ಟಲೇಬೇಕು. ಪಾಪ್ಲರ್‌ನವರು ಕಡತದ ಹಿಂದೆ ಅವಿತುಕೊಳ್ಳಲಿಲ್ಲ. ತಾವು ಮಾಡಿದ್ದನ್ನು ತಾವೇ ಮಾಡಿದ್ದೆಂದರು, ಕಾರಣ ಹೇಳಿದರು, ಶಿಕ್ಷೆಗೆ ಕೈಯೊಡ್ಡಿದರು. ಅದಕ್ಕೇ ಅವರ ಮಾತಿಗೆ ತೂಕ ಬಂತು.

ಆ ಪ್ರಕರಣದ ಇನ್ನೊಂದು ಪಾಠ ನಮಗೆ ಇನ್ನೂ ಹತ್ತಿರದ್ದು. ಪಾಪ್ಲರ್‌ಗೆ ಕರ್ತವ್ಯ ಕೊಟ್ಟಿದ್ದರು, ಅದಕ್ಕೆ ತಕ್ಕ ಹಣ ಕೊಟ್ಟಿರಲಿಲ್ಲ. ನಮ್ಮ ಸಂವಿಧಾನದ 74ನೇ ತಿದ್ದುಪಡಿ ನಗರಸಭೆಗಳಿಗೆ ಅಧಿಕಾರ ವಹಿಸುವ ಮಾತಾಡಿದೆ. ಅವುಗಳ ಹಣಕಾಸನ್ನು ಐದು ವರ್ಷಕ್ಕೊಮ್ಮೆ ರಾಜ್ಯ ಹಣಕಾಸು ಆಯೋಗ ಪರಿಶೀಲಿಸಬೇಕೆಂದೂ ಹೇಳಿದೆ. ಆದರೂ ತಾಲ್ಲೂಕು ಕೇಂದ್ರದ ಸಣ್ಣ ಪುರಸಭೆಯೊಂದು ಒಳಚರಂಡಿಗೋ ಪೌರಕಾರ್ಮಿಕರ ಸಂಬಳಕ್ಕೋ ರಾಜ್ಯ ಸರ್ಕಾರದ ಅನುದಾನದ ದಾರಿ ಕಾಯುತ್ತಲೇ ಇರುತ್ತದೆ. ಇಂಥ ಸಂಸ್ಥೆಯ ಮೇಲೆ ನ್ಯಾಯಾಲಯದ ಆದೇಶ ಬಂದು, ಪಾಲಿಸಲಾಗದೆ ನಿಂದನೆಯ ನೋಟಿಸ್ ಬಂದಾಗ, ಅಧಿಕಾರಿಯ ಸೋಮಾರಿತನ ಎಷ್ಟು, ಖಾಲಿ ಖಜಾನೆಯ ಪಾಲೆಷ್ಟು ಎಂದು ಬಿಡಿಸಿ ನೋಡಬೇಕು. ಸೋಮಾರಿತನಕ್ಕೆ ನ್ಯಾಯಾಲಯದಲ್ಲಿ ಮದ್ದಿದೆ. ಖಜಾನೆ ತುಂಬಿಸುವ ಕೆಲಸ ಶಾಸನಸಭೆಯದು, 1921ರ ನವೆಂಬರಿನಲ್ಲಿ ಬ್ರಿಟನ್ನಿನ ಪಾರ್ಲಿಮೆಂಟು ಮಾಡಬೇಕಾಗಿ ಬಂದದ್ದು ಅದನ್ನೇ. ಅದನ್ನು ಮಾಡಿಸಲು ಅಂದು ಮೂವತ್ತು ಮಂದಿ ಆರು ವಾರ ಸೆರೆಯಲ್ಲಿ ಕೂರಬೇಕಾಯಿತು. ನಮ್ಮ ಊರುಗಳ ಚುನಾಯಿತ ಸದಸ್ಯರು ಜೈಲಿಗೇ ಹೋಗಬೇಕೆಂದಿಲ್ಲ. ತಮ್ಮ ಪುರಸಭೆಗೆ ಬರಬೇಕಾದ ಪಾಲನ್ನು ಲೆಕ್ಕ ಸಮೇತ, ಸಭೆಯ ನಡವಳಿಯಲ್ಲಿ ದಾಖಲಿಸಿ, ಪಕ್ಷಭೇದ ಮರೆತು ಕೇಳುವಷ್ಟು ಧೈರ್ಯ ತೋರಿದರೂ ದೊಡ್ಡದು.